ಬಳ್ಳಾರಿಯ ಪಟ್ಟಿಯಲ್ಲಿ ಇಲ್ಲದ ಕಾಯಿಲೆ

ನೀವು ಓದಿದ ಶಾಲೆಯಲ್ಲೂ ಅಂಥ ಒಬ್ಬ ಹುಡುಗ ಇದ್ದಿರಬೇಕು. ಪಾಠ ನಡೆಯುವಾಗ ಪಟಪಟ ಅಂತ ಕಣ್ಣು ಮಿಟುಕಿಸುತ್ತಿದ್ದವನು, ಎರಡು ನಿಮಿಷಕ್ಕೊಮ್ಮೆ ಭುಜ ಎಗರಿಸುತ್ತಿದ್ದವನು, ಇಲ್ಲವೇ ಗಂಟಲಲ್ಲಿ ಏನೋ ಸಿಕ್ಕಿಕೊಂಡ ಹಾಗೆ "ಹ್ಞುಂ ಹ್ಞುಂ" ಅನ್ನುತ್ತಿದ್ದವನು. ಮೇಷ್ಟ್ರು ಮೊದಲು "ಏಯ್, ಸುಮ್ಕಿರಲೇ" ಅಂದರು. ಆಮೇಲೆ ಬೆಂಚಿನ ಮೇಲೆ ನಿಲ್ಲಿಸಿದರು. ಹಿಂದಿನ ಸಾಲಿನವರು ಅಣಕಿಸಿ ಅಣಕಿಸಿ ಒಂದು ಅಡ್ಡಹೆಸರು ಇಟ್ಟರು. ಮನೆಯಲ್ಲಿ ಅಜ್ಜಿ ದೃಷ್ಟಿ ತೆಗೆದರು, ಅಪ್ಪ ಗದರಿದರು, ಕಣ್ಣಿನ ಡಾಕ್ಟರು ಕಣ್ಣು ಚೆನ್ನಾಗಿದೆ ಅಂದು ವಾಪಸ್ ಕಳಿಸಿದರು. ಪಿಯುಸಿ ಮುಗಿಯುವ ಹೊತ್ತಿಗೆ ಅದು ತಾನಾಗೇ ಕಡಿಮೆಯಾಯಿತು. ಅಡ್ಡಹೆಸರು ಮಾತ್ರ ಕ್ಲಾಸಿನ ವಾಟ್ಸಾಪ್ ಗ್ರೂಪಿನಲ್ಲಿ ಇವತ್ತಿಗೂ ಉಳಿದಿದೆ.

ಆ ಹುಡುಗನಿಗೆ ಇದ್ದದ್ದಕ್ಕೆ ವೈದ್ಯರು ಇಟ್ಟಿರುವ ಹೆಸರು ಟಿಕ್. ಕನ್ನಡದಲ್ಲಿ ಇದಕ್ಕೆ ಸರಿಯಾದ ಪದವೇ ಇಲ್ಲ. ಇರುವ ಪದಗಳನ್ನು ನೋಡಿ: ಚೇಷ್ಟೆ, ಚಟ, ಚಾಳಿ, ಕೆಟ್ಟ ಅಭ್ಯಾಸ. ಈ ನಾಲ್ಕೂ ಪದಗಳು ಮಗು ಬೇಕಂತಲೇ ಮಾಡುತ್ತಿದೆ, ಮನಸ್ಸು ಮಾಡಿದರೆ ಬಿಡಬಹುದು ಅನ್ನುವ ಅರ್ಥವನ್ನು ಹೊಟ್ಟೆಯಲ್ಲೇ ಇಟ್ಟುಕೊಂಡಿವೆ. ಇನ್ನೊಂದು ತುದಿಗೆ ಹೋದರೆ ಗಾಳಿ, ಸೋಕು, ದೃಷ್ಟಿ ಅನ್ನುವ ಪದಗಳು ಸಿಗುತ್ತವೆ. ಅಲ್ಲಿ ಮಗುವಿನ ತಪ್ಪಿಲ್ಲ, ಆದರೆ ಹೊರಗಿನದೇನೋ ಒಳಗೆ ಸೇರಿಕೊಂಡಿದೆ. ಮಗುವೂ ತಪ್ಪು ಮಾಡಿಲ್ಲ, ಹೊರಗಿನಿಂದಲೂ ಏನೂ ಬಂದಿಲ್ಲ, ಮೆದುಳು ಕೆಲಸ ಮಾಡುವ ರೀತಿಯೇ ಸ್ವಲ್ಪ ಬೇರೆ ಅಂತ ಹೇಳುವ ಮೂರನೇ ಜಾಗ ನಮ್ಮ ಮಾತಿನಲ್ಲಿ ಖಾಲಿ ಬಿದ್ದಿದೆ.

ಆ ಮೂರನೇ ಜಾಗ ವೈದ್ಯಶಾಸ್ತ್ರದಲ್ಲೂ ಸುಲಭವಾಗಿ ಹುಟ್ಟಲಿಲ್ಲ. ಅದರ ಕತೆ ಪ್ಯಾರಿಸ್‌ನಲ್ಲಿ ಶುರುವಾಗುತ್ತದೆ. ಆ ಕತೆಯ ಇನ್ನೊಂದು ತುದಿ, ನಂಬಿದರೆ ನಂಬಿ, ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಕಡೆಗೆ ಬಂದು ಸೇರುತ್ತದೆ.

1825ರಲ್ಲಿ ಇಟಾರ್ ಎಂಬ ಫ್ರೆಂಚ್ ವೈದ್ಯ ಒಬ್ಬ ಶ್ರೀಮಂತ ಮನೆತನದ ಹೆಂಗಸಿನ ಬಗ್ಗೆ ಬರೆದ. ಆಕೆ ಮಾರ್ಕೀಸ್ ಡ ಡಾಂಪಿಯೇರ್. ಏಳು ವರ್ಷದವಳಿದ್ದಾಗ ಕೈಗಳು ತಾವಾಗೇ ಎಗರತೊಡಗಿದವು, ಆಮೇಲೆ ಮುಖ, ಕುತ್ತಿಗೆ, ನಂತರ ಗಂಟಲಿನಿಂದ ಕೂಗು. ದೊಡ್ಡವಳಾದ ಮೇಲೆ ದೊಡ್ಡಜನ ಕೂತ ಸಭೆಯಲ್ಲಿ ಮಾತಾಡುತ್ತಾ ಮಾತಾಡುತ್ತಾ ಬೈಗುಳ ಬಾಯಿಂದ ಹಾರಿಬಿಡುತ್ತಿತ್ತು. ಅದು ತಪ್ಪು ಅಂತ ಆಕೆಗೆ ಎಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು. ಗೊತ್ತಿದ್ದೂ ತಡೆಯಲಾಗುತ್ತಿರಲಿಲ್ಲ. ಎಂಬತ್ತು ದಾಟುವವರೆಗೂ ಆಕೆ ಹೀಗೇ ಬದುಕಿದಳು.

ಅರವತ್ತು ವರ್ಷದ ನಂತರ, 1885ರಲ್ಲಿ, ಜಾರ್ಜ್ ಜಿಲ್ ಡ ಲಾ ಟುರೆಟ್ ಎಂಬ ಇಪ್ಪತ್ತೆಂಟು ವರ್ಷದ ವೈದ್ಯ ಒಂಬತ್ತು ರೋಗಿಗಳ ವಿವರ ಪ್ರಕಟಿಸಿದ. ಮೊದಲನೇ ಕೇಸು ಇದೇ ಮಾರ್ಕೀಸ್. ಆಕೆಯನ್ನು ಪರೀಕ್ಷಿಸಿದ್ದು ಅವನಲ್ಲ, ಇಟಾರ್ ಬರೆದಿಟ್ಟದ್ದನ್ನೇ ಎತ್ತಿಕೊಂಡಿದ್ದ. ಅವನ ಗುರು ಜಾನ್ ಮಾರ್ಟಿನ್ ಶಾರ್ಕೋ ಆ ಕಾಯಿಲೆಗೆ ಶಿಷ್ಯನ ಹೆಸರನ್ನೇ ಇಟ್ಟರು. ಇವತ್ತು ನಾವು ಟುರೆಟ್ ಸಿಂಡ್ರೋಮ್ ಅನ್ನುವುದು ಇದನ್ನೇ.

ಇದೆಲ್ಲ ನಡೆದ ಜಾಗದ ಬಗ್ಗೆ ಎರಡು ಮಾತು ಹೇಳಲೇಬೇಕು. ಪ್ಯಾರಿಸ್‌ನ ಸಾಲ್ಪೆಟ್ರಿಯೇರ್ ಮೊದಲು ಮದ್ದುಗುಂಡಿನ ಕಾರ್ಖಾನೆಯಾಗಿತ್ತು. ಆಮೇಲೆ ಬಡ ಹೆಂಗಸರನ್ನು, ಮುದುಕಿಯರನ್ನು, ಹುಚ್ಚು ಹಿಡಿದಿದೆ ಅಂತ ಮನೆಯವರು ಬಿಟ್ಟುಹೋದವರನ್ನು ಸೇರಿಸುವ ದೊಡ್ಡ ಆಶ್ರಯತಾಣವಾಯಿತು. ಶಾರ್ಕೋ ಅಲ್ಲಿಗೆ ಬಂದಾಗ ಸಾವಿರಾರು ಜನ ಇದ್ದರು. ಫಿಟ್ಸ್ ಬರುವವರು, ಹಿಸ್ಟೀರಿಯಾ ಅನ್ನಿಸಿಕೊಂಡವರು, ನಡುಗುವವರು, ಕುಣಿದಂತೆ ಕೈಕಾಲು ಆಡಿಸುವವರು ಎಲ್ಲ ಅಲ್ಲೇ. ಶಾರ್ಕೋ ಮತ್ತು ಶಿಷ್ಯರು ಮಾಡಿದ ದೊಡ್ಡ ಕೆಲಸ ಔಷಧಿ ಕಂಡುಹಿಡಿದದ್ದಲ್ಲ. ಅವರು ಕೂತು ನೋಡಿದರು, ನೋಡಿ ಬೇರ್ಪಡಿಸಿದರು. ಇದು ಮೂರ್ಛೆರೋಗ, ಇದು ಕಂಪವಾತ, ಇದು ಟಿಕ್ ಅಂತ ಒಂದೊಂದನ್ನೇ ವಿಂಗಡಿಸಿದರು. ಒಂದೇ ಮೂಟೆಯಲ್ಲಿ ಕಟ್ಟಿಹಾಕಿದ್ದ ಜನರಿಗೆ ಮೊದಲ ಸಲ ಬೇರೆ ಬೇರೆ ಹೆಸರು ಸಿಕ್ಕಿತು.

ಹಾಗಾದರೆ ಅವರು ಬೇರ್ಪಡಿಸಿದ ಈ ಟಿಕ್ ಅಂದರೇನು?

ಟಿಕ್ ಅಂದರೆ ಇದ್ದಕ್ಕಿದ್ದ ಹಾಗೆ, ವೇಗವಾಗಿ, ಮತ್ತೆ ಮತ್ತೆ ಬರುವ ಚಲನೆ ಅಥವಾ ಸದ್ದು. ಕಣ್ಣು ಮಿಟುಕಿಸುವುದು, ಮೂಗು ಸೊಟ್ಟ ಮಾಡುವುದು, ಕತ್ತು ಎಳೆಯುವುದು ಚಲನೆಯ ಟಿಕ್. ಗಂಟಲು ಸರಿಮಾಡಿಕೊಳ್ಳುವುದು, ಮೂಗು ಸೊರಗುಟ್ಟಿಸುವುದು, ಸಣ್ಣಗೆ ಕಿರುಚುವುದು ಸದ್ದಿನ ಟಿಕ್. ಸಾಮಾನ್ಯವಾಗಿ ನಾಲ್ಕರಿಂದ ಆರನೇ ವಯಸ್ಸಿನಲ್ಲಿ ಶುರುವಾಗುತ್ತದೆ, ಹತ್ತರಿಂದ ಹನ್ನೆರಡರ ನಡುವೆ ಜೋರಾಗಿರುತ್ತದೆ, ಹದಿಹರೆಯ ಮುಗಿಯುವ ಹೊತ್ತಿಗೆ ಹೆಚ್ಚಿನವರಲ್ಲಿ ಇಳಿದುಹೋಗುತ್ತದೆ. ಹುಡುಗಿಯರಿಗಿಂತ ಹುಡುಗರಲ್ಲಿ ಮೂರು ನಾಲ್ಕು ಪಟ್ಟು ಹೆಚ್ಚು. ಹಲವು ಬಗೆಯ ಚಲನೆಗಳ ಜೊತೆಗೆ ಒಂದಾದರೂ ಸದ್ದು ಸೇರಿಕೊಂಡು, ಒಂದು ವರ್ಷಕ್ಕಿಂತ ಹೆಚ್ಚು ಕಾಲ ಬಂದು ಹೋಗಿ ಮಾಡುತ್ತಿದ್ದರೆ, 18 ತುಂಬುವ ಮೊದಲೇ ಶುರುವಾಗಿದ್ದರೆ, ಅದನ್ನು ಟುರೆಟ್ ಅನ್ನುತ್ತಾರೆ. ವರ್ಷದೊಳಗೆ ಬಂದು ಹೋಗುವ ಟಿಕ್ ಇನ್ನೂ ಸಾಮಾನ್ಯ. ಎಷ್ಟೋ ಮಕ್ಕಳಲ್ಲಿ ಮನೆಯವರು ಗಮನಿಸುವ ಮೊದಲೇ ಬಂದು ಹೋಗಿರುತ್ತದೆ.

ಎಲ್ಲರೂ ಎಡವುವ ಜಾಗ ಒಂದಿದೆ. ಟಿಕ್ ಇರುವವರು ಅದನ್ನು ಸ್ವಲ್ಪ ಹೊತ್ತು ತಡೆಹಿಡಿಯಬಲ್ಲರು. ಹೆಡ್ಮಾಸ್ಟರ್ ಎದುರಿಗೆ ನಿಂತಾಗ ಹುಡುಗ ಐದು ನಿಮಿಷ ಸುಮ್ಮನಿರುತ್ತಾನೆ, ಹೊರಗೆ ಬಂದ ಕೂಡಲೇ ಇಪ್ಪತ್ತು ಸಲ ಭುಜ ಎಗರಿಸುತ್ತಾನೆ. "ನೋಡಿದ್ರಾ, ಅಲ್ಲಿ ಸುಮ್ನಿದ್ದ, ಇಲ್ಲಿ ಬೇಕಂತಲೇ ಮಾಡ್ತಾನೆ" ಅಂತ ಮನೆಯವರು ತೀರ್ಮಾನಿಸಿಬಿಡುತ್ತಾರೆ. ನಡೆಯುತ್ತಿರುವುದೇ ಬೇರೆ. ಟಿಕ್ ಬರುವ ಮೊದಲು ಆ ಜಾಗದಲ್ಲಿ ಒಂದು ಒತ್ತಡ, ಕಡಿತ, ಚಡಪಡಿಕೆ ಏಳುತ್ತದೆ. ಸೀನು ಬರುವ ಮುಂಚೆ ಮೂಗಿನಲ್ಲಿ ಆಗುತ್ತದಲ್ಲ, ಹಾಗೆ. ಸೀನನ್ನು ನೀವು ದೇವಸ್ಥಾನದಲ್ಲಿ ಮಂಗಳಾರತಿ ಮುಗಿಯುವವರೆಗೆ ತಡೆಯಬಹುದು. ಹಾಗಂತ ಸೀನು ನಿಮ್ಮ ಚಟ ಅಂತ ಯಾರೂ ಅನ್ನುವುದಿಲ್ಲ. ತಡೆಯುವುದಕ್ಕೆ ಶಕ್ತಿ ಖರ್ಚಾಗುತ್ತದೆ. ಐದು ಪೀರಿಯಡ್ ಹಾಗೆ ತಡೆದುಕೊಂಡ ಮಗುವಿಗೆ ಪಾಠ ಕೇಳುವುದಕ್ಕೆ ಉಳಿದದ್ದೆಷ್ಟು ಅಂತ ಯೋಚಿಸಿ.

ಮೆದುಳಿನ ಒಳಭಾಗದಲ್ಲಿ ಬೇಸಲ್ ಗ್ಯಾಂಗ್ಲಿಯಾ ಅಂತ ಒಂದಿಷ್ಟು ನರಕೋಶಗಳ ಗುಂಪು ಇದೆ. ಮೆದುಳಿನ ಹೊರಪದರ ಕಳಿಸುವ ನೂರಾರು ಚಲನೆಯ ಸೂಚನೆಗಳಲ್ಲಿ ಯಾವುದನ್ನು ಬಿಡಬೇಕು, ಯಾವುದನ್ನು ತಡೆಯಬೇಕು ಅಂತ ನೋಡುವುದರಲ್ಲಿ ಅದರ ಪಾತ್ರ ದೊಡ್ಡದು. ಸಂತೆ ಬಾಗಿಲಲ್ಲಿ ಗೇಟು ಕಾಯುವವನ ಹಾಗೆ ಅಂದುಕೊಳ್ಳಿ. ಟಿಕ್ ಇರುವವರಲ್ಲಿ ಗೇಟು ಆಗಾಗ ಸಡಿಲಾಗಿ, ಬೇಡದ ಚಲನೆ ನುಸುಳಿಬಿಡುತ್ತದೆ. ಇದು ಮನೆತನದಲ್ಲಿ ಹರಿದುಬರುವುದೂ ಉಂಟು. ವಿಚಾರಿಸಿದರೆ ಅಪ್ಪನಿಗೋ ಸೋದರಮಾವನಿಗೋ ಚಿಕ್ಕಂದಿನಲ್ಲಿ ಕಣ್ಣು ಮಿಟುಕಿಸುವ "ಚಟ" ಇತ್ತು ಅಂತ ಗೊತ್ತಾಗುತ್ತದೆ. ಟುರೆಟ್ ಇರುವ ಅರ್ಧಕ್ಕಿಂತ ಹೆಚ್ಚು ಮಕ್ಕಳಲ್ಲಿ ಗಮನ ನಿಲ್ಲದ ಎಡಿಎಚ್‌ಡಿ ಜೊತೆಗಿರುತ್ತದೆ. ಮಾಡಿದ್ದನ್ನೇ ಮಾಡಿಸುವ ಗೀಳು, ಅಂದರೆ ಒಸಿಡಿ, ಹಲವರಲ್ಲಿ ಇರುತ್ತದೆ. ಎಷ್ಟೋ ಸಲ ಟಿಕ್‌ಗಿಂತ ಇವೇ ಹೆಚ್ಚು ಕಾಡುತ್ತವೆ. ಸಿನಿಮಾಗಳಲ್ಲಿ ತೋರಿಸುವ ಬೈಗುಳದ ಟಿಕ್ ಇದೆಯಲ್ಲ, ಅದು ಟುರೆಟ್ ಇರುವ ನೂರು ಜನರಲ್ಲಿ ಹತ್ತು ಹದಿನೈದು ಜನಕ್ಕೆ ಮಾತ್ರ. 2018ರ 'ಹಿಚ್ಕಿ' ಸಿನಿಮಾದಲ್ಲಿ ರಾಣಿ ಮುಖರ್ಜಿ ಮಾಡಿದ ಟೀಚರ್ ಪಾತ್ರಕ್ಕೆ ಅದು ಇರಲಿಲ್ಲ. ಅಷ್ಟರ ಮಟ್ಟಿಗೆ ಆ ಸಿನಿಮಾ ಒಳ್ಳೆಯ ಕೆಲಸ ಮಾಡಿತು.

ಮತ್ತೆ ಇತಿಹಾಸಕ್ಕೆ ಬರೋಣ. 1885ರಲ್ಲೇ ಇದು ನರಗಳ ಕಾಯಿಲೆ ಅಂತ ಹೇಳಿಯಾಗಿತ್ತು ಅಂದಮೇಲೆ ಕತೆ ಅಲ್ಲಿಗೆ ಮುಗಿಯಬೇಕಿತ್ತು. ಮುಗಿಯಲಿಲ್ಲ. 1893ರಲ್ಲಿ ಶಾರ್ಕೋ ತೀರಿಕೊಂಡರು. ಅದೇ ವರ್ಷ ಹಿಂದೆ ಚಿಕಿತ್ಸೆ ಪಡೆದಿದ್ದ ಹೆಂಗಸೊಬ್ಬಳು ಟುರೆಟ್ ಮೇಲೆ ಗುಂಡು ಹಾರಿಸಿದಳು. ಬದುಕುಳಿದ, ಆದರೆ 1904ರಲ್ಲಿ ಮಾನಸಿಕ ಆಸ್ಪತ್ರೆಯೊಂದರಲ್ಲಿ ಸತ್ತ. ಇಪ್ಪತ್ತನೇ ಶತಮಾನದ ಮೊದಲರ್ಧದಲ್ಲಿ ಮನೋವಿಶ್ಲೇಷಣೆಯ ಗಾಳಿ ಜೋರಾಗಿ ಬೀಸಿತು. ಟಿಕ್ ಅಂದರೆ ಒಳಗೆ ಅದುಮಿಟ್ಟ ಆಸೆ, ತಾಯಿ ಬೆಳೆಸಿದ ರೀತಿಯ ತಪ್ಪು, ಇಚ್ಛಾಶಕ್ತಿ ಇಲ್ಲದ ಮಗು ಅಂತೆಲ್ಲ ವ್ಯಾಖ್ಯಾನ ಬಂತು. ಸುತ್ತಿ ಬಳಸಿ ಅವರೂ ನಮ್ಮ "ಚಟ"ಕ್ಕೇ ಬಂದು ನಿಂತರು. ಜರ್ಮನ್, ಫ್ರೆಂಚ್ ಪಾರಿಭಾಷಿಕ ಪದಗಳಲ್ಲಿ ಹೇಳಿದರು, ಅಷ್ಟೇ.

ಆ ಗಾಳಿ ತಿರುಗಿದ್ದು ಒಂದು ಮಾತ್ರೆಯಿಂದ. 1958ರಲ್ಲಿ ಬೆಲ್ಜಿಯಂನಲ್ಲಿ ಹ್ಯಾಲೊಪೆರಿಡಾಲ್ ಎಂಬ ಔಷಧಿ ತಯಾರಾಯಿತು. ಟಿಕ್ ಇರುವವರಿಗೆ ಕೊಟ್ಟಾಗ ಟಿಕ್ ಇಳಿಯಿತು. ನ್ಯೂಯಾರ್ಕ್‌ನ ಆರ್ಥರ್ ಮತ್ತು ಎಲೇನ್ ಶಪೀರೋ ದಂಪತಿ 1968ರಲ್ಲಿ ಒಬ್ಬ ಯುವತಿಯ ಚಿಕಿತ್ಸೆಯ ವಿವರ ಪ್ರಕಟಿಸಿ, ಇದು ಮನಸ್ಸಿನ ತಪ್ಪಲ್ಲ, ಮೆದುಳಿನ ವಿಷಯ ಅಂತ ವಾದ ಹೂಡಿದರು. 1972ರಲ್ಲಿ ನ್ಯೂಯಾರ್ಕ್‌ನಲ್ಲಿ ಕೆಲವು ತಂದೆತಾಯಿಯರು ಸೇರಿ ಟುರೆಟ್ ಸಂಘ ಕಟ್ಟಿದರು. ಆ ಔಷಧಿಗೆ ಅಡ್ಡಪರಿಣಾಮ ಬಹಳ. ಇವತ್ತು ಅದನ್ನು ಮೊದಲ ಆಯ್ಕೆ ಅಂತ ಯಾರೂ ಕೊಡುವುದಿಲ್ಲ. ಆದರೆ ಅಮ್ಮಂದಿರ ತಲೆ ಮೇಲಿದ್ದ ಅಪರಾಧದ ಹೊರೆ ಇಳಿಸಿದ್ದು ಅದೇ.

1985ಕ್ಕೆ ಟುರೆಟ್ ಲೇಖನಕ್ಕೆ ನೂರು ವರ್ಷ ತುಂಬಿತು. ಆಲಿವರ್ ಸ್ಯಾಕ್ಸ್ ಅವರ ಹೆಸರಾಂತ ಪುಸ್ತಕ ಬಂದದ್ದು ಅದೇ ವರ್ಷ. ಹೆಂಡತಿಯನ್ನು ಟೋಪಿ ಅಂದುಕೊಂಡ ಮನುಷ್ಯನ ಕತೆ ಇರುವ ಆ ಪುಸ್ತಕದಲ್ಲಿ ಟುರೆಟ್ ಇದ್ದ ಡ್ರಮ್ಮರ್ ಒಬ್ಬನ ಕತೆಯೂ ಇದೆ. ಇಂಗ್ಲಿಷ್ ಓದುವ ಜಗತ್ತಿಗೆ ಟಿಕ್ ಬಗ್ಗೆ ಕುತೂಹಲ ಹುಟ್ಟಿಸಿದ ಪುಸ್ತಕಗಳಲ್ಲಿ ಅದೂ ಒಂದು. ಅದೇ 1985ರಲ್ಲಿ ನಮ್ಮ ಬಳ್ಳಾರಿ ಜಿಲ್ಲೆಯಲ್ಲಿ ಇನ್ನೊಂದು ಕೆಲಸ ಶುರುವಾಗಿತ್ತು. ಅದರ ಬಗ್ಗೆ ಅಷ್ಟು ಚಂದದ ಪುಸ್ತಕ ಯಾರೂ ಬರೆಯಲಿಲ್ಲ. ಜಗತ್ತಿನ ಸಾರ್ವಜನಿಕ ಆರೋಗ್ಯದ ಪಾಠಗಳಲ್ಲಿ ಮಾತ್ರ "ಬಳ್ಳಾರಿ ಮಾದರಿ" ಅಂತ ಅದರ ಹೆಸರು ಉಳಿದಿದೆ.

ಬೆಂಗಳೂರಿನ ನಿಮ್ಹಾನ್ಸ್ ಹುಟ್ಟಿದ್ದು 1974ರಲ್ಲಿ, ಹಳೆಯ ಮಾನಸಿಕ ಆಸ್ಪತ್ರೆ ಮತ್ತು 1954ರಲ್ಲಿ ಶುರುವಾದ ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆ ಎರಡೂ ಒಂದಾಗಿ. ಮರುವರ್ಷವೇ ಅಲ್ಲಿ ಸಮುದಾಯ ಮನೋವೈದ್ಯ ವಿಭಾಗ ಶುರುವಾಯಿತು. ಬನ್ನೇರುಘಟ್ಟದ ಹತ್ತಿರದ ಸಕಲವಾರದಲ್ಲಿ ಹಳ್ಳಿಗಳ ಜೊತೆ ಕೆಲಸ ಆರಂಭವಾಯಿತು. ಆರ್. ಶ್ರೀನಿವಾಸಮೂರ್ತಿ, ಮೋಹನ್ ಐಸಾಕ್, ಕನ್ನಡದ ಓದುಗರಿಗೆ ಪುಸ್ತಕಗಳಿಂದ ಪರಿಚಯವಿರುವ ಸಿ. ಆರ್. ಚಂದ್ರಶೇಖರ್ ಮೊದಲಾದವರು ಈ ವಿಭಾಗದಲ್ಲಿ ದುಡಿದವರು. ಅವರ ಮುಂದಿದ್ದ ಲೆಕ್ಕ ಸರಳ. ದೇಶದಲ್ಲಿ ಮನೋವೈದ್ಯರು ಬೆರಳೆಣಿಕೆ, ಅವರೂ ದೊಡ್ಡ ಊರುಗಳಲ್ಲಿ. ಹಳ್ಳಿಯ ರೋಗಿ ಅವರ ಹತ್ತಿರ ಬರುವುದು ಸಾಧ್ಯವಿಲ್ಲದಿದ್ದರೆ, ಅವರಿಗೆ ಗೊತ್ತಿರುವ ವಿದ್ಯೆಯಲ್ಲಿ ಒಂದಿಷ್ಟನ್ನು ಹಳ್ಳಿಯ ಪ್ರಾಥಮಿಕ ಆರೋಗ್ಯ ಕೇಂದ್ರಕ್ಕೆ ಕಳಿಸಬೇಕು.

1982ರಲ್ಲಿ ರಾಷ್ಟ್ರೀಯ ಮಾನಸಿಕ ಆರೋಗ್ಯ ಕಾರ್ಯಕ್ರಮ ಬಂತು. ಒಂದು ಇಡೀ ಜಿಲ್ಲೆಯಲ್ಲಿ ಇದು ನಡೆಯುತ್ತದೆಯೇ ಅಂತ ನೋಡಲು ಆರಿಸಿದ್ದು ಬಳ್ಳಾರಿಯನ್ನು. ಆಗ ಜಿಲ್ಲೆಯ ಜನಸಂಖ್ಯೆ ಸುಮಾರು 15 ಲಕ್ಷ. ವಿಜಯನಗರ ಜಿಲ್ಲೆ ಅನ್ನುವುದು ಆಗ ಇರಲಿಲ್ಲ. ಕೂಡ್ಲಿಗಿ, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಎಲ್ಲ ಬಳ್ಳಾರಿಯ ತಾಲ್ಲೂಕುಗಳು. ಕೊಟ್ಟೂರು ಕೂಡ್ಲಿಗಿ ತಾಲ್ಲೂಕಿನ ಒಂದು ಊರು. ಜೋಳ, ಶೇಂಗಾ, ಮಳೆ ನಂಬಿದ ಬೇಸಾಯ, ಜಿಲ್ಲಾ ಕೇಂದ್ರಕ್ಕೆ ಹೋಗಿಬರಬೇಕೆಂದರೆ ಒಂದು ದಿನದ ಕೂಲಿ ಹೋದ ಹಾಗೆ. ಬೆಂಗಳೂರಿನ ಮಾತಂತೂ ದೂರ.

ಕಾರ್ಯಕ್ರಮ ಮಾಡಿದ್ದು ಇಷ್ಟು. ಆರೋಗ್ಯ ಕೇಂದ್ರದ ಎಂಬಿಬಿಎಸ್ ಡಾಕ್ಟರಿಗೆ ಸಣ್ಣ ಅವಧಿಯ ತರಬೇತಿ. ಮನೆ ಮನೆಗೆ ಹೋಗುವ ಆರೋಗ್ಯ ಕಾರ್ಯಕರ್ತರಿಗೆ ರೋಗಿಯನ್ನು ಗುರುತಿಸುವುದು ಹೇಗೆ ಅಂತ ಪಾಠ. ಕೆಲವೇ ಕೆಲವು ಅಗ್ಗದ ಮಾತ್ರೆಗಳು ಆರೋಗ್ಯ ಕೇಂದ್ರದಲ್ಲೇ ಸಿಗುವ ವ್ಯವಸ್ಥೆ. ಒಂದು ಸರಳ ರಿಜಿಸ್ಟರ್. ಜಿಲ್ಲಾ ಆಸ್ಪತ್ರೆಯಲ್ಲಿ ಮನೋವೈದ್ಯರ ಒಂದು ತಂಡ, ಕಷ್ಟದ ಕೇಸುಗಳಿಗೆ. ಎಲ್ಲ ಕಾಯಿಲೆ ಹಿಡಿಯಲು ಹೋದರೆ ಯಾವುದೂ ಆಗುವುದಿಲ್ಲ, ಹಾಗಾಗಿ ಒಂದು ಚಿಕ್ಕ ಪಟ್ಟಿ ಮಾಡಿಕೊಂಡರು. ತೀವ್ರ ಮಾನಸಿಕ ಕಾಯಿಲೆ, ಮೂರ್ಛೆರೋಗ, ಬುದ್ಧಿಮಾಂದ್ಯತೆ ಇವೆಲ್ಲ ಆ ಪಟ್ಟಿಯ ಮುಖ್ಯ ಹೆಸರುಗಳು.

ಮಾನಸಿಕ ಆರೋಗ್ಯದ ಕಾರ್ಯಕ್ರಮದಲ್ಲಿ ಮೂರ್ಛೆರೋಗ ಯಾಕೆ, ಅದು ನರಗಳ ಕಾಯಿಲೆಯಲ್ಲವೇ ಅಂತ ನೀವು ಕೇಳಬಹುದು. ಅದೇ ಇಲ್ಲಿನ ಸ್ವಾರಸ್ಯ. ಪುಸ್ತಕದಲ್ಲಿ ನ್ಯೂರಾಲಜಿ, ಸೈಕಿಯಾಟ್ರಿ ಬೇರೆ ಬೇರೆ ಇರಬಹುದು, ಹಳ್ಳಿಯಲ್ಲಿ ಎರಡಕ್ಕೂ ಬಾಗಿಲು ಒಂದೇ. ಫಿಟ್ಸ್ ಬಂದ ಮಗುವೂ, ತನ್ನಷ್ಟಕ್ಕೆ ಮಾತಾಡಿಕೊಳ್ಳುವ ದೊಡ್ಡವರೂ ಮೊದಲು ಹೋಗುವುದು ತಾಯತ ಕಟ್ಟುವವರ ಹತ್ತಿರ. ಜೊತೆಗೆ ಮೂರ್ಛೆರೋಗಕ್ಕೆ 1912ರಿಂದಲೇ ಫಿನೋಬಾರ್ಬಿಟೋನ್ ಎಂಬ ಬಲು ಅಗ್ಗದ ಮಾತ್ರೆ ಇತ್ತು. ಕೈಯಲ್ಲಿ ಕಬ್ಬಿಣ ಕೊಡುವುದು, ಈರುಳ್ಳಿ ಮೂಸಿಸುವುದು ಬಿಟ್ಟು ದಿನಾ ಆ ಮಾತ್ರೆ ನುಂಗಿಸಿದರೆ ಬಹಳಷ್ಟು ಜನರಿಗೆ ಫಿಟ್ಸ್ ನಿಲ್ಲುತ್ತದೆ. ಫಿಟ್ಸ್ ನಿಂತ ಹುಡುಗಿ ಶಾಲೆಗೆ ಹೋಗುತ್ತಾಳೆ, ಒಲೆ ಮುಂದೆ, ಬಾವಿ ಕಟ್ಟೆಯ ಮೇಲೆ ಅವಳ ಜೀವಕ್ಕೆ ಅಪಾಯ ಇರುವುದಿಲ್ಲ. ಇದಕ್ಕಿಂತ ದೊಡ್ಡ ಲಾಭ ಏನು ಬೇಕು?

ಕರ್ನಾಟಕದಲ್ಲಿ ಈ ಬಗೆಯ ಕೆಲಸ ಬಳ್ಳಾರಿಗೇ ನಿಲ್ಲಲಿಲ್ಲ. ಯಳಂದೂರಿನ ಹಳ್ಳಿಗಳಲ್ಲಿ ಡಾ. ಕೆ. ಎಸ್. ಮಣಿ ಮತ್ತು ಸಂಗಡಿಗರು ಇದೇ ಅಗ್ಗದ ಮಾತ್ರೆಗಳಿಂದ ಮೂರ್ಛೆರೋಗ ಹತೋಟಿಗೆ ಬರುತ್ತದೆ ಅಂತ ತೋರಿಸಿದ ಅಧ್ಯಯನ 2001ರಲ್ಲಿ 'ಲ್ಯಾನ್ಸೆಟ್' ಪತ್ರಿಕೆಯಲ್ಲಿ ಬಂತು. ತಲೆ ಮೇಲೆ ಬಿಸಿನೀರು ಹೊಯ್ದುಕೊಂಡಾಗ ಮಾತ್ರ ಬರುವ ವಿಚಿತ್ರ ಫಿಟ್ಸ್ ಇದೆ. ಅದು ದಕ್ಷಿಣ ಕರ್ನಾಟಕದಲ್ಲಿ ಹೆಚ್ಚು ಅಂತ ಜಗತ್ತಿಗೆ ಗೊತ್ತಾದದ್ದೂ ನಮ್ಮ ವೈದ್ಯರಿಂದಲೇ. ಡಾ. ಗೌರಿದೇವಿ ಅವರ ತಂಡ ಬೆಂಗಳೂರು ನಗರ ಮತ್ತು ಸುತ್ತಲಿನ ಹಳ್ಳಿಗಳ 1,02,557 ಜನರನ್ನು ಮನೆ ಮನೆಗೆ ಹೋಗಿ ಸಮೀಕ್ಷೆ ಮಾಡಿದಾಗ, ನರಸಂಬಂಧಿ ಕಾಯಿಲೆಗಳು ನಗರಕ್ಕಿಂತ ಹಳ್ಳಿಯಲ್ಲಿ ಹತ್ತಿರ ಹತ್ತಿರ ಎರಡು ಪಟ್ಟು ಇದ್ದವು. ಹಳ್ಳಿಯವರು ಗಟ್ಟಿ, ನರದ ಕಾಯಿಲೆ ಏನಿದ್ದರೂ ಪೇಟೆಯವರಿಗೆ ಅನ್ನುವ ನಮ್ಮ ಮಾತು ಲೆಕ್ಕದ ಮುಂದೆ ನಿಲ್ಲಲಿಲ್ಲ.

ಬಳ್ಳಾರಿಯಲ್ಲಿ ಐದು ವರ್ಷ ನಡೆದ ಪ್ರಯೋಗವನ್ನು ಮುಂದಿಟ್ಟುಕೊಂಡು 1996ರಲ್ಲಿ ಕೇಂದ್ರ ಸರ್ಕಾರ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮವನ್ನು ದೇಶದ ಬೇರೆ ಜಿಲ್ಲೆಗಳಿಗೆ ಒಯ್ಯಲು ಶುರುಮಾಡಿತು. ಇವತ್ತು ಬಿಹಾರದಲ್ಲೋ ಅಸ್ಸಾಮಿನಲ್ಲೋ ಜಿಲ್ಲಾ ಆಸ್ಪತ್ರೆಯಲ್ಲಿ ಮಾನಸಿಕ ಆರೋಗ್ಯದ ಕೊಠಡಿ ಇದ್ದರೆ, ಅದರ ಬೇರು ನಮ್ಮ ಕೆಂಪು ಮಣ್ಣಿನ ತಾಲ್ಲೂಕುಗಳಲ್ಲಿದೆ. ಹಂಪಿ ನೋಡಲು ವೀಕೆಂಡ್ ಹೋಗುವ ನಮ್ಮಲ್ಲಿ ಎಷ್ಟು ಜನಕ್ಕೆ ಇದು ಗೊತ್ತು?

ಆದರೆ ಪಟ್ಟಿ ಅಂದಮೇಲೆ ಅದರ ಹೊರಗೆ ಉಳಿಯುವವರೂ ಇರುತ್ತಾರೆ. ಈ ಮಾತು ಹರಪನಹಳ್ಳಿಯವರಿಗೆ ಬಿಡಿಸಿ ಹೇಳಬೇಕಿಲ್ಲ. 1997ರಲ್ಲಿ ಆ ತಾಲ್ಲೂಕು ದಾವಣಗೆರೆಗೆ ಸೇರಿತು. ಮುಂದೆ 371(ಜೆ) ಬಂದಾಗ ಹೈದರಾಬಾದ್ ಕರ್ನಾಟಕದ ಆರು ಜಿಲ್ಲೆಗಳ ಪಟ್ಟಿಯಲ್ಲಿ ಬಳ್ಳಾರಿ ಇತ್ತು, ಹರಪನಹಳ್ಳಿ ಇರಲಿಲ್ಲ. ಸೀಟು, ನೌಕರಿ ಎಲ್ಲದರಲ್ಲೂ ಅದರ ಬಿಸಿ ತಟ್ಟಿತು. ಹೋರಾಟ ಮಾಡಿ 2018ರಲ್ಲಿ ಬಳ್ಳಾರಿಗೆ ಮರಳಿದರು, 2021ರಲ್ಲಿ ಹೊಸ ವಿಜಯನಗರ ಜಿಲ್ಲೆಗೆ ಬಂದರು. ನೆಲ ಅದೇ, ಜನ ಅವರೇ, ಪಟ್ಟಿಯಲ್ಲಿ ಹೆಸರು ಇದ್ದದ್ದಕ್ಕೂ ಇಲ್ಲದ್ದಕ್ಕೂ ಬದುಕು ಬೇರೆಯಾಯಿತು.

ಟಿಕ್‌ನ ಕತೆಯೂ ಹಾಗೇ. ಬಳ್ಳಾರಿಯ ಮುಖ್ಯ ಪಟ್ಟಿಯಲ್ಲಿ ಅದು ಇರಲಿಲ್ಲ. ಮಾಡಿದವರನ್ನು ದೂರುವಂತಿಲ್ಲ. ಜೀವ ತೆಗೆಯುವ, ಸಂಸಾರ ಮುರಿಯುವ, ಮಾತ್ರೆಯಿಂದ ಹತೋಟಿಗೆ ಬರುವ ಕಾಯಿಲೆಗಳನ್ನು ಮೊದಲು ಹಿಡಿದರು. ಟಿಕ್ ಯಾರನ್ನೂ ಕೊಲ್ಲುವುದಿಲ್ಲ. ಮುಂದೆ 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ 21 ಬಗೆಯ ಅಂಗವೈಕಲ್ಯಗಳನ್ನು ಹೆಸರಿಸಿತು. ಪಾರ್ಕಿನ್ಸನ್ ಇದೆ, ಮಲ್ಟಿಪಲ್ ಸ್ಕ್ಲಿರೋಸಿಸ್ ಇದೆ, ಟುರೆಟ್ ಹೆಸರು ಅಲ್ಲೂ ಇಲ್ಲ. ಕೊಲ್ಲದ, ಹೆಸರಿಲ್ಲದ ಕಾಯಿಲೆಯ ಗತಿ ಏನಾಗುತ್ತದೆ? ಅದು ಚೇಷ್ಟೆಯಾಗುತ್ತದೆ. ಡಾಕ್ಟರ ಹತ್ತಿರ ಹೋಗಬೇಕಾದದ್ದು ಹೆಡ್ಮಾಸ್ಟರ ಹತ್ತಿರ ಹೋಗುತ್ತದೆ.

ಇಲ್ಲಿ ನಮ್ಮ ಊರುಗಳ ಇನ್ನೊಂದು ಮುಖ ನೋಡಬೇಕು. ಮೈ ಅದುರುವುದಕ್ಕೆ ನಮ್ಮಲ್ಲಿ ಅರ್ಥ ಹಚ್ಚುವುದು ಹೊಸದಲ್ಲ. ಗಂಡಸಿಗೆ ಬಲಗಣ್ಣು ಅದುರಿದರೆ ಶುಭ, ಹೆಂಗಸಿಗೆ ಎಡಗಣ್ಣು ಅಂತ ಶಕುನ ಹೇಳುತ್ತೇವೆ. (ಅದು ಟಿಕ್ ಅಲ್ಲ. ನಿದ್ದೆಗೆಟ್ಟು, ಕಾಫಿ ಜಾಸ್ತಿ ಕುಡಿದು, ದಿನವಿಡೀ ಲ್ಯಾಪ್‌ಟಾಪ್ ನೋಡಿದಾಗ ರೆಪ್ಪೆಯ ಸ್ನಾಯು ಮಿಡಿಯುವುದು. ಡೆಡ್‌ಲೈನ್ ಮುಗಿದ ಮೇಲೆ ತಾನೇ ಹೋಗುತ್ತದೆ.) ಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಭರತ ಹುಣ್ಣಿಮೆಯ ಜಾತ್ರೆಗೆ ಲಕ್ಷಾಂತರ ಜನ ಸೇರುತ್ತಾರೆ. ಡೆಂಕನಮರಡಿಯಲ್ಲಿ ಉಪವಾಸವಿದ್ದ ಗೊರವಯ್ಯ ಬಿಲ್ಲೇರಿ "ಸದ್ದಲೇ" ಅಂದ ಕೂಡಲೇ ಅಷ್ಟೂ ಜನ ಉಸಿರು ಬಿಗಿಹಿಡಿಯುತ್ತಾರೆ. ಕಾರಣಿಕ ನುಡಿದು ಮೇಲಿನಿಂದ ಬೀಳುವ ಅವನನ್ನು ಕೆಳಗಿದ್ದವರು ಕೈಚಾಚಿ ಹಿಡಿದುಕೊಳ್ಳುತ್ತಾರೆ. ಅದು ವ್ರತ, ಪರಂಪರೆ, ಕಾಯಿಲೆ ಖಂಡಿತ ಅಲ್ಲ. ನಾನು ಅದನ್ನು ಎತ್ತಿದ್ದು ಬೇರೆ ಕಾರಣಕ್ಕೆ. ಸಾಮಾನ್ಯವಲ್ಲದ ಒಂದು ದೇಹದ ಮುಂದೆ ಸುಮ್ಮನೆ ನಿಂತು, ಅದಕ್ಕೆ ಜಾಗ ಬಿಟ್ಟು, ಬಿದ್ದರೆ ಹಿಡಿಯುವ ಗುಣ ಈ ಜನರಿಗೆ ಇದೆ. ಜಾತ್ರೆಯಲ್ಲಿ ಇರುವ ಆ ಗುಣ ಶಾಲೆಯ ಬೆಂಚಿನ ಹತ್ತಿರ ಬಂದಾಗ ಎಲ್ಲಿ ಹೋಗುತ್ತದೆ?

ಈಗ ಪರಿಸ್ಥಿತಿ ಮೊದಲಿನಷ್ಟು ಕೈಚೆಲ್ಲುವ ಹಾಗಿಲ್ಲ. ಕರ್ನಾಟಕದಲ್ಲಿ 2014ರಲ್ಲಿ 'ಮನೋಚೈತನ್ಯ' ಕಾರ್ಯಕ್ರಮ ಶುರುವಾಯಿತು. ಮಂಗಳವಾರದ ದಿನ ತಾಲ್ಲೂಕು ಆಸ್ಪತ್ರೆಯಲ್ಲೇ ಮನೋವೈದ್ಯರನ್ನು ಕಾಣಲು ಸಿಗಬೇಕು ಅನ್ನುವುದು ಅದರ ಉದ್ದೇಶ. 2022ರಲ್ಲಿ ಟೆಲಿ ಮಾನಸ್ ಬಂತು. 14416ಕ್ಕೆ ಫೋನ್ ಮಾಡಿದರೆ ದುಡ್ಡಿಲ್ಲದೆ, ಕನ್ನಡದಲ್ಲೇ ಮಾತಾಡಬಹುದು. ಊರಲ್ಲಿರುವ ಅಕ್ಕನ ಮಗನಿಗೋ, ಚಿಕ್ಕಪ್ಪನ ಮಗಳಿಗೋ ಇಂಥದ್ದಿದ್ದರೆ ಬೆಂಗಳೂರಿಗೆ ಕರೆಸಿ ಎಂಆರ್‌ಐ ಮಾಡಿಸುವ ಮೊದಲು ಈ ಎರಡು ಬಾಗಿಲು ತಟ್ಟಿ. ಸಾಮಾನ್ಯ ಟಿಕ್ ಗುರುತಿಸಲು ಸ್ಕ್ಯಾನ್ ಬೇಕಿಲ್ಲ. ನೋಡಬೇಕು, ಮನೆಯವರನ್ನು ಕೇಳಬೇಕು. ಸಾಲ್ಪೆಟ್ರಿಯೇರ್‌ನಲ್ಲಿ ಮಾಡಿದ್ದೂ ಅಷ್ಟೇ.

ಬೇಗ ಡಾಕ್ಟರಿಗೆ ತೋರಿಸಬೇಕಾದ ಸಂದರ್ಭಗಳೂ ಇವೆ. ಚಲನೆಯ ಜೊತೆ ಎಚ್ಚರ ತಪ್ಪಿದರೆ ಅದು ಫಿಟ್ಸ್ ಇರಬಹುದು. ಗಂಟಲು ನೋವು, ಜ್ವರ ಬಂದು ಹೋದ ಕೆಲವು ವಾರಗಳ ನಂತರ ಮಗು ಕುಣಿದಂತೆ ಕೈಕಾಲು ಆಡಿಸುತ್ತಾ, ಕೈಲಿದ್ದ ಲೋಟ ಬೀಳಿಸತೊಡಗಿದರೆ ಅದು ರುಮ್ಯಾಟಿಕ್ ಜ್ವರದಿಂದ ಬರುವ ಕೊರಿಯಾ ಇರಬಹುದು. ಅದರಲ್ಲಿ ಹೃದಯದ ಕವಾಟಕ್ಕೂ ಪೆಟ್ಟು ಬೀಳುವ ಅಪಾಯ ಇದೆ, ಪೆನ್ಸಿಲಿನ್ ಬೇಕಾಗುತ್ತದೆ. ಚೆನ್ನಾಗಿದ್ದ ಮಗುವಿನ ಮಾತು ತೊದಲಿ, ಬರವಣಿಗೆ ಕೆಟ್ಟು, ಕೈ ನಡುಗತೊಡಗಿದರೆ ದೇಹದಲ್ಲಿ ತಾಮ್ರ ಸೇರಿಕೊಳ್ಳುವ ವಿಲ್ಸನ್ ಕಾಯಿಲೆ ಇರಬಹುದು. ಬೇಗ ಹಿಡಿದರೆ ಅದಕ್ಕೆ ಔಷಧಿ ಇದೆ. ಹದಿಹರೆಯದಲ್ಲಿ ಒಂದೇ ದಿನ ದಿಢೀರನೆ ಜೋರಾಗಿ ಶುರುವಾದರೆ ಅದರ ದಾರಿಯೇ ಬೇರೆ. ಕೋವಿಡ್ ಸಮಯದಲ್ಲಿ ಹಲವು ದೇಶಗಳಲ್ಲಿ, ಹೆಚ್ಚಾಗಿ ಹುಡುಗಿಯರಲ್ಲಿ, ಟಿಕ್‌ನಂಥ ಚಲನೆಗಳು ಹೀಗೆ ಶುರುವಾದವು. ಆತಂಕ, ಒಂಟಿತನ, ಟಿಕ್ ವಿಡಿಯೋಗಳು ಎಲ್ಲ ಅದರಲ್ಲಿ ಸೇರಿದ್ದವು ಅಂತ ವೈದ್ಯರು ಗುರುತಿಸಿದರು. ಅದೂ ನಾಟಕವಲ್ಲ, ಚಿಕಿತ್ಸೆ ಬೇರೆ, ಅಷ್ಟೇ.

ಉಳಿದ ಬಹುಪಾಲು ಮಕ್ಕಳಿಗೆ ಮೊದಲ ಚಿಕಿತ್ಸೆ ಮಾತ್ರೆಯಲ್ಲ. 1973ರಲ್ಲಿ ಅಜ್ರಿನ್ ಮತ್ತು ನನ್ ಎಂಬ ಮನಶ್ಶಾಸ್ತ್ರಜ್ಞರು ರೂಪಿಸಿದ ಒಂದು ಅಭ್ಯಾಸಕ್ರಮ ಇದೆ. ಚಡಪಡಿಕೆ ಏಳುವುದನ್ನು ಗುರುತಿಸಿ, ಆ ಕ್ಷಣಕ್ಕೆ ಟಿಕ್‌ಗೆ ಎಡೆಯಿಲ್ಲದಂಥ ಬೇರೆ ಸಣ್ಣ ಚಲನೆ ಮಾಡುವುದನ್ನು ಕಲಿಸುತ್ತಾರೆ. ಭುಜ ಎಗರುವ ಮೊದಲು ಮೊಣಕೈ ಪಕ್ಕೆಗೆ ಒತ್ತಿಕೊಳ್ಳುವುದು, ಈ ತರಹ. ತೀರಾ ಜೋರಿದ್ದರೆ ಕ್ಲೋನಿಡಿನ್‌ನಂಥ ಔಷಧಿಗಳಿವೆ. ಇವೆಲ್ಲಕ್ಕಿಂತ ಮೊದಲಿನದು ವಿವರಣೆ. "ಇದು ಅವನ ತಪ್ಪಲ್ಲ, ಬೆಳೆದ ಹಾಗೆ ಬಹುಶಃ ಇಳಿಯುತ್ತೆ, ಅದನ್ನೇ ದಿಟ್ಟಿಸಿ ನೋಡಬೇಡಿ, ಅಣಕಿಸೋಕೆ ಬಿಡಬೇಡಿ" ಅಂತ ಮನೆಯವರಿಗೂ ಮೇಷ್ಟ್ರಿಗೂ ಒಬ್ಬರು ಹೇಳುವುದು. ಒತ್ತಡ ಹೆಚ್ಚಾದಷ್ಟೂ ಟಿಕ್ ಹೆಚ್ಚುತ್ತದೆ. ಬೈದಷ್ಟೂ ಹೆಚ್ಚುವ ಕಾಯಿಲೆಗೆ ಬೈಯದಿರುವುದೇ ಅರ್ಧ ಔಷಧಿ.

ಬಳ್ಳಾರಿಯ ಪ್ರಯೋಗ ಟಿಕ್‌ಗೆ ಪಟ್ಟಿಯಲ್ಲಿ ಜಾಗ ಕೊಡದಿದ್ದರೂ ದಾರಿ ತೋರಿಸಿಕೊಟ್ಟದ್ದು ಇಲ್ಲೇ. ರೋಗಿಯನ್ನು ದಿನಾ ನೋಡುವವರು ಯಾರೋ ಅವರಿಗೆ ಬೇಕಾದಷ್ಟು ವಿದ್ಯೆ ಕೊಡಿ ಅನ್ನುವುದು ಅದರ ತಿರುಳು. ಮೂರ್ಛೆರೋಗಕ್ಕೆ ಆ ಜನ ಆರೋಗ್ಯ ಕಾರ್ಯಕರ್ತರು. ಟಿಕ್‌ಗೆ ಆ ಜನ ಮೇಷ್ಟ್ರು. ಬಿ.ಇಡಿ ಪಾಠದಲ್ಲಿ ಎರಡು ಪುಟ, ತರಬೇತಿಯಲ್ಲಿ ಅರ್ಧ ದಿನ ಸಾಕು. ಇದಕ್ಕೆ ಬೇಕಾದ ಖರ್ಚು ಫಿನೋಬಾರ್ಬಿಟೋನ್ ಮಾತ್ರೆಗಿಂತಲೂ ಕಡಿಮೆ.

ಮೇಷ್ಟ್ರು ಮಾತ್ರವೇ ಅಲ್ಲ, ಟೀಮ್ ಲೀಡ್ ಆಗಿರುವ, ಇಂಟರ್‌ವ್ಯೂ ಪ್ಯಾನೆಲ್‌ನಲ್ಲಿ ಕೂರುವ ನಾವೂ ಆ ಜನರೇ. ಟಿಕ್ ಇದ್ದ ಎಲ್ಲರಿಗೂ ಅದು ಇಳಿದುಹೋಗಿರುವುದಿಲ್ಲ. ಕೆಲವರು ದೊಡ್ಡವರಾದ ಮೇಲೂ ಅದನ್ನು ತಂದಿರುತ್ತಾರೆ. ಹೆಡ್‌ಸೆಟ್ ಹಾಕಿಕೊಂಡು, ಮೈಕ್ ಮ್ಯೂಟ್ ಮಾಡಿಕೊಂಡು, ಕ್ಯಾಮೆರಾ ಆಫ್ ಮಾಡಿಕೊಂಡು ನಿಮ್ಮದೇ ಸ್ಟ್ಯಾಂಡಪ್ ಮೀಟಿಂಗ್‌ನಲ್ಲಿ ಕೂತಿರಬಹುದು. ಕ್ಯಾಂಡಿಡೇಟ್ ಒಬ್ಬರು ಉತ್ತರ ಕೊಡುವಾಗ ಕತ್ತು ಎಳೆದರೆ "ಕಾನ್ಫಿಡೆನ್ಸ್ ಇಲ್ಲ" ಅಂತ ಫೀಡ್‌ಬ್ಯಾಕ್ ಶೀಟಿನಲ್ಲಿ ಬರೆಯುವ ಮುನ್ನ ಒಂದು ಕ್ಷಣ ಪೆನ್ನು ಕೆಳಗಿಡಿ. ಆ ಶೀಟೂ ಒಂದು ಪಟ್ಟಿಯೇ. ಅದರಲ್ಲಿ ಯಾರ ಹೆಸರು ಉಳಿಯಬೇಕು ಅನ್ನುವುದು ಈ ಸಲ ನಿಮ್ಮ ಕೈಯಲ್ಲಿದೆ.